ನೀರನ್ನು ಅಳೆದವರು, ನೀರನ್ನು ಹಂಚಿದವರು
(ಡಾ. ಕೆ. ಎಲ್. ರಾವ್ ಅವರ ಜೀವನದಿಂದ ಒಂದು ಪಾಠ)

ಇಂಜಿನಿಯರ್ ಎಂದೊಡನೆ ಕನ್ನಡಿಗರಾದ ನಮಗೆ ಸರ್ ಎಂ. ವಿಶ್ವೇಶ್ವರಯ್ಯನವರ ಹೆಸರು ನೆನಪಾಗುವುದು ಸಹಜ. 1908ರ ಮೂಸೀ ಪ್ರವಾಹದ ಅನಂತರ ಈ ಹೈದರಾಬಾದು ನಗರವನ್ನು ಪ್ರವಾಹದಿಂದ ಕಾಪಾಡುವ ಯೋಜನೆಯನ್ನು ಸಿದ್ಧಪಡಿಸಿದವರೂ ಅವರೇ. ಅವರು ಮೈಸೂರಿನ ದಿವಾನರಾದರು. ಆದರೆ ಜನರ ಮತ ಕೇಳಿ ಶಾಸನಸಭೆಗೆ ಹೋದವರಲ್ಲ. ಇಂಜಿನಿಯರಾಗಿದ್ದು, ಜನರಿಂದ ಆರಿಸಿಬಂದು, ಲೋಕಸಭೆಯಲ್ಲಿ ಕುಳಿತವರೊಬ್ಬರ ಜೀವನವನ್ನು ನಾವು ಇಲ್ಲಿ ಅಭ್ಯಸಿಸೋಣ. ಅವರೇ ಡಾ. ಕಾನೂರಿ ಲಕ್ಷ್ಮಣರಾವ್.

ರಾಯರು 1902ರಲ್ಲಿ ಕೃಷ್ಣಾ ಜಿಲ್ಲೆಯ ಕಂಕಿಪಾಡಿನಲ್ಲಿ ಜನಿಸಿದರು. ಬಾಲ್ಯದಲ್ಲಿಯೇ ಒಂದು ಕಣ್ಣಿನ ದೃಷ್ಟಿಯನ್ನು ಕಳೆದುಕೊಂಡರೂ ವಿದ್ಯೆಯಲ್ಲಿ ಹಿಂದೆ ಬೀಳಲಿಲ್ಲ. ಮದರಾಸಿನ ಗಿಂಡಿ ಇಂಜಿನಿಯರಿಂಗ್ ಕಾಲೇಜಿನಲ್ಲಿ ಓದಿ, ಮುಂದೆ ಇಂಗ್ಲೆಂಡಿನ ಬರ್ಮಿಂಗ್‌ಹ್ಯಾಮ್ ವಿಶ್ವವಿದ್ಯಾಲಯದಿಂದ ಡಾಕ್ಟರೇಟ್ ಪಡೆದರು. ರಂಗೂನಿನಲ್ಲಿ ಅಧ್ಯಾಪಕರಾಗಿದ್ದರು. ಸ್ವದೇಶದಲ್ಲಿ ಮದರಾಸು ಸರಕಾರದಲ್ಲಿಯೂ, ಬಳಿಕ ದೆಹಲಿಯ ಕೇಂದ್ರ ಜಲ ಮತ್ತು ವಿದ್ಯುತ್ ಆಯೋಗದಲ್ಲಿಯೂ ಅಣೆಕಟ್ಟುಗಳ ವಿನ್ಯಾಸದ ಹೊಣೆ ಹೊತ್ತರು.

ಅವರ ಹೆಸರಿನೊಡನೆ ಸೇರಿಹೋಗಿರುವುದು ನಾಗಾರ್ಜುನಸಾಗರ. 1955ರ ಡಿಸೆಂಬರಿನಲ್ಲಿ ಪಂಡಿತ ನೆಹರೂ ಅವರು ಇದಕ್ಕೆ ಶಂಕುಸ್ಥಾಪನೆ ಮಾಡಿದರು. ಆಗ ದೇಶದಲ್ಲಿ ಸಿಮೆಂಟಿಗೂ ಯಂತ್ರಗಳಿಗೂ ಅಭಾವ. ಕಲ್ಲಿಗೂ ದುಡಿಯುವ ಕೈಗಳಿಗೂ ಅಭಾವವಿರಲಿಲ್ಲ. ಆದುದರಿಂದ ಸುಮಾರು 124 ಮೀಟರ್ ಎತ್ತರದ ಈ ಅಣೆಕಟ್ಟನ್ನು ಕಲ್ಲುಗಾರೆಯಿಂದಲೇ ಕಟ್ಟಲಾಯಿತು. 1967ರ ಆಗಸ್ಟಿನಲ್ಲಿ ಇಂದಿರಾ ಗಾಂಧಿಯವರು ಕಾಲುವೆಗೆ ನೀರು ಬಿಟ್ಟರು.

ಅಷ್ಟರಲ್ಲಿ ರಾಯರು ಇಂಜಿನಿಯರಾಗಿ ಉಳಿದಿರಲಿಲ್ಲ. 1962ರಲ್ಲಿ ವಿಜಯವಾಡದಿಂದ ಲೋಕಸಭೆಗೆ ಆರಿಸಿಬಂದರು. 1967ರಲ್ಲಿಯೂ 1971ರಲ್ಲಿಯೂ ಅಲ್ಲಿಯ ಜನ ಅವರನ್ನೇ ಕಳುಹಿಸಿದರು. 1963ರಿಂದ ಸುಮಾರು ಹತ್ತು ವರ್ಷ ಕೇಂದ್ರದಲ್ಲಿ ನೀರಾವರಿ ಮತ್ತು ವಿದ್ಯುತ್ ಖಾತೆಯನ್ನು ನೋಡಿಕೊಂಡರು. ತಮ್ಮ ಆತ್ಮಕಥೆಗೆ ಅವರಿಟ್ಟ ಹೆಸರು ‘ದಿ ಕ್ಯೂಸೆಕ್ಸ್ ಕ್ಯಾಂಡಿಡೇಟ್’.

ಕ್ಯೂಸೆಕ್ ಎಂದರೇನು? ಒಂದು ಸೆಕೆಂಡಿಗೆ ಒಂದು ಘನ ಅಡಿ ನೀರು ಹರಿದರೆ ಅದು ಒಂದು ಕ್ಯೂಸೆಕ್. ಸುಮಾರು 28 ಲೀಟರ್, ಅಂದರೆ ನಮ್ಮ ಮನೆಯ ಎರಡು ಕೊಡಗಳಷ್ಟು. ನೂರು ಕೋಟಿ ಘನ ಅಡಿಗೆ ಒಂದು ಟಿ.ಎಂ.ಸಿ. ಎನ್ನುತ್ತಾರೆ. ಒಂದು ದಿನಕ್ಕೆ 86,400 ಸೆಕೆಂಡುಗಳು. ಆದುದರಿಂದ ಸುಮಾರು 11,574 ಕ್ಯೂಸೆಕ್ ನೀರು ಒಂದು ಇಡೀ ದಿನ ಹರಿದರೆ ಒಂದು ಟಿ.ಎಂ.ಸಿ. ಆಗುತ್ತದೆ. ವಿದ್ಯಾರ್ಥಿಗಳು ಇದನ್ನು ತಾವೇ ಭಾಗಿಸಿ ನೋಡಬೇಕು.

ಈ ಲೆಕ್ಕದಲ್ಲಿ ವಾದಕ್ಕೆ ಎಡೆಯಿಲ್ಲ. ಆದರೆ ಆ ನೀರು ಯಾರಿಗೆ ಸೇರಬೇಕು? ಈ ಪ್ರಶ್ನೆಗೆ ಭಾಗಾಕಾರ ಉತ್ತರ ಕೊಡದು. ಕೃಷ್ಣೆ ಮಹಾಬಳೇಶ್ವರದಲ್ಲಿ ಹುಟ್ಟಿ, ಕನ್ನಡ ನಾಡನ್ನು ದಾಟಿ ಕೆಳಗೆ ಇಳಿಯುತ್ತಾಳೆ. ಮೇಲಿನವರಿಗೆ ಬರಗಾಲದ ಭಯ, ಕೆಳಗಿನವರಿಗೆ ಹಳೆಯ ಗದ್ದೆಗಳು ಒಣಗುವ ಭಯ. ಎರಡೂ ನಿಜವಾದ ಭಯಗಳೇ. ಸಚಿವರಾದ ರಾಯರೋ ಕೆಳದಂಡೆಯ ಮತದಾರರ ಪ್ರತಿನಿಧಿ. ಅವರೆಷ್ಟೇ ದೊಡ್ಡ ತಜ್ಞರಾದರೂ, ಅವರೇ ಪಾಲು ಮಾಡಿದರೆ ಮೇಲ್ದಂಡೆಯವರು ಒಪ್ಪುವುದು ಹೇಗೆ? ಅದಕ್ಕಾಗಿಯೇ 1956ರ ಅಂತರರಾಜ್ಯ ಜಲವಿವಾದ ಕಾಯಿದೆ ಇದ್ದಿತು. ಅದರಂತೆ 1969ರಲ್ಲಿ ನ್ಯಾಯಮೂರ್ತಿ ಬಚಾವತ್ ಅವರ ಅಧ್ಯಕ್ಷತೆಯಲ್ಲಿ ನ್ಯಾಯಮಂಡಳಿ ರಚಿತವಾಯಿತು. ಅದು 1973ರಲ್ಲಿ 2,060 ಟಿ.ಎಂ.ಸಿ. ನೀರನ್ನು ಮಹಾರಾಷ್ಟ್ರಕ್ಕೆ 560, ಕರ್ನಾಟಕಕ್ಕೆ 700, ಆಂಧ್ರಕ್ಕೆ 800 ಎಂದು ಹಂಚಿತು. 2014ರಲ್ಲಿ ತೆಲಂಗಾಣ ಬೇರೆಯಾದ ಮೇಲೆ ಆ 800ರಲ್ಲಿ ಪಾಲು ಎಷ್ಟೆಂಬ ಪ್ರಶ್ನೆ ಮತ್ತೆ ಎದ್ದಿತು.

1972ರಲ್ಲಿ ರಾಯರು ಗಂಗಾ–ಕಾವೇರಿ ಜೋಡಣೆಯ ಯೋಜನೆಯನ್ನು ಮುಂದಿಟ್ಟರು. ಪಾಟ್ನಾದ ಬಳಿ ವರ್ಷಕ್ಕೆ ಸುಮಾರು 150 ದಿನ 60,000 ಕ್ಯೂಸೆಕ್ ನೀರನ್ನು ತೆಗೆದು, ಅದರಲ್ಲಿ 50,000 ಕ್ಯೂಸೆಕ್ಕನ್ನು ದಕ್ಷಿಣಕ್ಕೆ ತರುವ ವಿಚಾರವದು. ಕಾಲುವೆಯ ಉದ್ದ 2,640 ಕಿಲೋಮೀಟರ್. ನೀರನ್ನು ಮೇಲೆತ್ತಲು ಬೇಕಾಗುವ ಅಪಾರ ವಿದ್ಯುಚ್ಛಕ್ತಿ ಮತ್ತು ವೆಚ್ಚದ ಕಾರಣ ಅದು ಕಾರ್ಯಗತವಾಗಲಿಲ್ಲ. ಸಚಿವರ ಕನಸನ್ನೂ ಲೆಕ್ಕದ ತಕ್ಕಡಿಯಲ್ಲಿ ತೂಗಿಯೇ ನೋಡಿದರೆಂಬುದು ಇಲ್ಲಿ ಗಮನಾರ್ಹ.

ರಾಯರು 1986ರಲ್ಲಿ ತೀರಿಕೊಂಡರು. ಕೃಷ್ಣೆಯ ಪುಲಿಚಿಂತಲ ಜಲಾಶಯಕ್ಕೆ ಇಂದು ಅವರ ಹೆಸರಿದೆ.

ನಮ್ಮ ಶಾಲೆಯ ಅನೇಕ ಮಕ್ಕಳ ಮೂಲ ಊರುಗಳು ರಾಯಚೂರು, ಯಾದಗಿರಿ ಸೀಮೆಯಲ್ಲಿವೆ. ಆ ಊರುಗಳ ಪಕ್ಕದಲ್ಲಿ ಹರಿದ ಕೃಷ್ಣೆಯೇ ನಾಗಾರ್ಜುನಸಾಗರದಲ್ಲಿ ನಿಂತು, 2004ರಿಂದ ಈ ನಗರದ ನಲ್ಲಿಗಳಿಗೂ ಬರುತ್ತಿದ್ದಾಳೆ. ನದಿಯ ಜಗಳ ಎದ್ದಾಗಲೆಲ್ಲ, ಊರಿನ ನೆಂಟರ ಪಕ್ಷವೋ, ಅನ್ನವಿತ್ತ ನಗರದ ಪಕ್ಷವೋ ಎಂದು ನಮ್ಮನ್ನು ಕೇಳುವವರುಂಟು. ಎರಡು ಕಡೆಯ ಬಾಯಾರಿಕೆಯನ್ನೂ ಬಲ್ಲ ನಾವು ಕೂಗಿಗೆ ಕೂಗು ಸೇರಿಸಬಾರದು. ಮೊದಲು ಲೆಕ್ಕವನ್ನು ಸರಿಯಾಗಿ ಕಲಿಯಬೇಕು. ಬಳಿಕ ಎದುರಿನವರ ಅಹವಾಲನ್ನು ಪೂರ್ತಿಯಾಗಿ ಕೇಳಬೇಕು. ಮೊದಲನೆಯದು ಇಂಜಿನಿಯರನ ವಿದ್ಯೆ, ಎರಡನೆಯದು ಶಾಸಕನ ವಿದ್ಯೆ. ನಮ್ಮ ಮಕ್ಕಳು ಮುಂದೆ ಯಾವ ವೃತ್ತಿಯನ್ನೇ ಹಿಡಿಯಲಿ, ಈ ಎರಡನ್ನೂ ಕಲಿತು ಹೋಗಲೆಂಬುದು ನಮ್ಮ ಹಾರೈಕೆ.