ಯೆರಿಕೋವಿನ ಬಾಳೆಯ ತೋಟಗಳು

ಯೆರಿಕೋವಿನ ಹೆಸರನ್ನು ಕೇಳದವರು ನಮ್ಮಲ್ಲಿ ಯಾರೂ ಇಲ್ಲ. ಪೂರ್ವದಲ್ಲಿ ಖರ್ಜೂರಗಳ ಪಟ್ಟಣವೆನಿಸಿಕೊಂಡ ಆ ಸ್ಥಳದಲ್ಲಿ ಬಾಳೆಯೂ ಫಲಿಸುತ್ತದೆಂಬದು ಕೆಲವರಿಗೆ ಆಶ್ಚರ್ಯವಾದೀತು. ಯಾಕಂದರೆ ಅದು ಸಮುದ್ರಮಟ್ಟಕ್ಕಿಂತ ಸುಮಾರು 250 ಮೀಟರು ತಗ್ಗಿನಲ್ಲಿರುವ ಕಣಿವೆ. ಬೇಸಿಗೆಯ ಸೆಕೆಯು 40 ಡಿಗ್ರಿಯನ್ನು ಮುಟ್ಟುತ್ತದೆ. ಮಳೆಯು ಸಾಮಾನ್ಯವಾಗಿ ವರುಷಕ್ಕೆ 200 ಮಿಲಿಮೀಟರಿನಷ್ಟೂ ಬೀಳದು. ಹಾಗಾದರೆ ಅಲ್ಲಿ ಬಾಳೆ ಬದುಕುವದು ಹೇಗೆಂಬದನ್ನು ನಾವು ವಿಚಾರಿಸೋಣ.

ಮೊದಲನೆಯದು ನೀರು. ಎಲೀಷನ ಬುಗ್ಗೆಯೆಂದು ಕರೆಯಲ್ಪಡುವ ಒರತೆಯು ಊರಿನ ತೋಟಗಳಿಗೆ ಆಧಾರ. ಬಾಳೆಯು ಮರವಲ್ಲ, ಎಲೆಯ ಬುಡಗಳು ಒಂದನ್ನೊಂದು ಸುತ್ತಿಕೊಂಡು ದಿಂಡಾದ ದೊಡ್ಡ ಸಸಿ. ಅದರ ಬೇರುಗಳು ಹೆಚ್ಚಾಗಿ ಮೇಲಿನ ಒಂದೆರಡು ಅಡಿ ಮಣ್ಣಿನಲ್ಲಿಯೇ ಹರಡುವದರಿಂದ ಆಳದ ತೇವವನ್ನು ಮುಟ್ಟಲಾರವು. ಆದಕಾರಣ ಅಪರೂಪವಾಗಿ ಬಹಳ ನೀರು ಹಾಯಿಸುವದಕ್ಕಿಂತ, ಸ್ವಲ್ಪ ಸ್ವಲ್ಪವಾಗಿ ಪದೇ ಪದೇ ಕೊಡುವದು ಒಳ್ಳೇದು. ಒಣಗಿದ ಎಲೆಗಳನ್ನೂ ಹುಲ್ಲನ್ನೂ ಬುಡಕ್ಕೆ ಹೊದಿಸತಕ್ಕದ್ದು. ಗೊನೆ ಹೊತ್ತ ಗಿಡದ ಬಳಿಯಲ್ಲಿ ಒಂದು ಕಂದನ್ನು ಉಳಿಸಿ ಮಿಕ್ಕವನ್ನು ಕಡಿಯಬೇಕು. ಇಲ್ಲವಾದರೆ ಇದ್ದ ನೀರು ಎಲ್ಲಕ್ಕೂ ಸಾಲದೆ ಗೊನೆ ಬಡವಾಗುವದು.

ಎರಡನೆಯದು ಗಾಳಿ. ಒಣಗಾಳಿಯು ಎಲೆಯನ್ನು ಸೀಳಿ ಅದರ ತೇವವನ್ನು ಹೀರುತ್ತದೆ. ಆದದರಿಂದ ಗಾಳಿ ಬರುವ ಕಡೆಯಲ್ಲಿ ಮರಗಳ ಸಾಲನ್ನು ಬೆಳೆಸಿ, ಗಿಡಗಳು ಒಂದಕ್ಕೊಂದು ನೆರಳಾಗುವ ಹಾಗೆ ನೆಡುವದುಂಟು. ಈಗ ಯೊರ್ದನ್ ಕಣಿವೆಯ ಕೆಲವು ಕಡೆಗಳಲ್ಲಿ ತೋಟವನ್ನೆಲ್ಲಾ ಬಲೆಯಿಂದ ಮುಚ್ಚುತ್ತಾರೆ. ಇದರಿಂದ ನೀರಿನ ಖರ್ಚು ತಗ್ಗುತ್ತದೆ.

ಮೂರನೆಯದು ಉಪ್ಪು. ನೀರು ಆವಿಯಾಗಿ ಹೋದರೂ ಅದರೊಳಗಿನ ಉಪ್ಪು ಮಣ್ಣಿನಲ್ಲಿ ಉಳಿಯುತ್ತದೆ. ಎಲೆಯ ಅಂಚು ಸುಟ್ಟಂತೆ ಒಣಗಿದಾಗ ಬಿಸಿಲನ್ನು ಮಾತ್ರ ದೂರಬಾರದು, ಉಪ್ಪೂ ಕಾರಣವಾಗಿರಬಹುದು. ಆಗ ಒಂದಾವರ್ತಿ ಹೆಚ್ಚು ನೀರು ಹಾಯಿಸಿ ಉಪ್ಪನ್ನು ಬೇರಿನ ಕೆಳಕ್ಕೆ ತೊಳೆಯಬೇಕು. ಆ ನೀರು ಬಸಿದುಹೋಗುವದಕ್ಕೆ ದಾರಿಯೂ ಇರಬೇಕು.

ಇಷ್ಟೆಲ್ಲಾ ತಿಳಿದವರಿಗೂ ನಷ್ಟ ತಪ್ಪಲಿಲ್ಲ. ಯೆರಿಕೋವಿನ ಉತ್ತರಕ್ಕಿರುವ ಔಜಾ ಎಂಬ ಹಳ್ಳಿಯು ಒಂದು ಕಾಲದಲ್ಲಿ ಬಾಳೆಗೆ ಹೆಸರುವಾಸಿಯಾಗಿತ್ತು. ಅಲ್ಲಿಯ ಬುಗ್ಗೆಯ ನೀರು ಕುಂದಿದ ಮೇಲೆ ತೋಟಗಳೂ ಕುಂದಿದವು. ರೈತನ ಕೈಯಲ್ಲಿ ಜಾಣತನವಿದ್ದರೂ ಕಾಲುವೆಯಲ್ಲಿ ನೀರಿಲ್ಲದೆ ಹೋಯಿತು. ಆ ಸೀಮೆಯಲ್ಲಿ ಅನೇಕರು ಉಪ್ಪನ್ನು ತಾಳಬಲ್ಲ ಖರ್ಜೂರಕ್ಕೆ ತಿರುಗಿಕೊಂಡರು.

ಇದರಿಂದ ನಾವು ಕಲಿಯತಕ್ಕದ್ದೇನಂದರೆ: ತೋಟ ಮಾಡುವವನು ಮಳೆ ತಪ್ಪಿದ ವರುಷದಲ್ಲಿ ತನ್ನ ಬಾವಿ ಎಷ್ಟು ನೀರು ಕೊಡುವದೆಂದು ಮೊದಲು ಅಳೆಯಲಿ, ಕಂದುಗಳನ್ನು ಆಮೇಲೆ ಎಣಿಸಲಿ. ಬತ್ತಿದ ನೂರು ಗಿಡಗಳಿಗಿಂತ ಗೊನೆ ಬಿಟ್ಟ ಹತ್ತು ಗಿಡಗಳು ಮನೆಗೆ ಆಧಾರವಾಗಿರುವವು.