ಗೋರಿಯ ಮೇಲಿನ ಹಕ್ಕಿ

ಅಜ್ಞಾನ ಕಾಲದ ಅರಬರಲ್ಲಿ 'ಹಾಮ' ಎಂಬುದೊಂದು ನಂಬಿಕೆಯಿತ್ತು. ಕೊಲೆಯಾದವನ ಸೇಡನ್ನು ಅವನ ಕುಲದವರು ತೀರಿಸದಿದ್ದರೆ ಅವನ ತಲೆಯಿಂದ ಒಂದು ಹಕ್ಕಿ ಹೊರಬರುತ್ತದೆ, ಗೋರಿಯ ಮೇಲೆ ಕುಳಿತು 'ನನಗೆ ಕುಡಿಯಲು ಕೊಡಿ' ಎಂದು ಕೂಗುತ್ತಲೇ ಇರುತ್ತದೆ ಎಂದು ಅವರು ತಿಳಿದಿದ್ದರು. ಕೊಂದವನ ರಕ್ತವೇ ಅದಕ್ಕೆ ಬೇಕಾದ ಪಾನೀಯ. ಎಷ್ಟು ವರ್ಷ ಕಳೆದರೂ ಆ ಕೂಗು ನಿಲ್ಲದು. ಈ ಹಕ್ಕಿ ಮೃತನ ಮಕ್ಕಳ ಸುತ್ತ ಸುಳಿದಾಡಿ ಮನೆಯ ಸುದ್ದಿಯನ್ನು ಅವನಿಗೆ ಮುಟ್ಟಿಸುತ್ತದೆ ಎಂದು ಹೇಳುವವರೂ ಇದ್ದರು.

ಇದನ್ನು ಅಜ್ಜಿಕಥೆಯೆಂದು ನೀವು ನಕ್ಕು ಬಿಡಬೇಡಿ. ಒಂದು ಇಡೀ ಸಮಾಜ ಈ ಮನೋಭಾವದ ಕೈಯಲ್ಲಿತ್ತು. ಬಕ್ರ್ ಮತ್ತು ತಗ್ಲಿಬ್ ಎಂಬ ಸಂಬಂಧಿಕ ಗೋತ್ರಗಳ ನಡುವೆ ಒಂದು ಒಂಟೆಯ ವಿಷಯದಲ್ಲಿ ಜಗಳ ಹುಟ್ಟಿ, ಕುಲೈಬ್ ಎಂಬ ನಾಯಕನ ಕೊಲೆಯಾಯಿತು. ಅದರಿಂದ ಹೊತ್ತಿಕೊಂಡ ಬಸೂಸ್ ಯುದ್ಧವು 40 ವರ್ಷ ನಡೆಯಿತೆಂದು ಅರಬ್ ಪರಂಪರೆ ಹೇಳುತ್ತದೆ. ಆ ಒಂಟೆಯನ್ನಾಗಲಿ, ಕುಲೈಬನನ್ನಾಗಲಿ ಕಣ್ಣಾರೆ ಕಾಣದವರೂ ಅದರಲ್ಲಿ ಕತ್ತಿ ಹಿಡಿದಿರಬೇಕಲ್ಲವೇ?

ಸಾವನ್ನು ತರುವವರು ಯಾರು ಎಂದು ಕೇಳಿದರೆ ಅದೇ ಜನರು 'ದಹ್ರ್' ಅಂದರೆ ಕಾಲ ಎನ್ನುತ್ತಿದ್ದರು. ನಮ್ಮನ್ನು ನಾಶಪಡಿಸುವುದು ಕಾಲವಲ್ಲದೆ ಬೇರೇನೂ ಅಲ್ಲ ಎಂಬ ಅವರ ಮಾತನ್ನು ಪವಿತ್ರ ಕುರ್‌ಆನ್ ಉಲ್ಲೇಖಿಸಿ, ಅದು ಜ್ಞಾನವಿಲ್ಲದ ಬರೀ ಊಹೆ ಎನ್ನುತ್ತದೆ (ಅಲ್‌ಜಾಸಿಯ: 24). ಹೀಗೆ ಕೊಲ್ಲುವುದು ಕಾಲ, ನೆನಪು ಇಟ್ಟುಕೊಳ್ಳುವುದು ಗೋರಿ, ಬದುಕಿರುವವನು ಇವೆರಡರ ಆಳು ಎಂಬಂತಾಗಿತ್ತು. ವಿಗ್ರಹವನ್ನು ಒಡೆಯಬಹುದು, ಇಂತಹ ನಂಬಿಕೆಯನ್ನು ಒಡೆಯುವುದು ಅದಕ್ಕಿಂತ ಕಷ್ಟ.

ಪ್ರವಾದಿವರ್ಯರು(ಸ) ಎರಡನ್ನೂ ಒಡೆದರು. ಹಾಮ ಎಂಬುದಿಲ್ಲ, ಸಫರ್ ಎಂಬುದಿಲ್ಲ, ಪಕ್ಷಿಶಕುನವಿಲ್ಲ ಎಂದು ಅವರು ಸ್ಪಷ್ಟಪಡಿಸಿದ್ದನ್ನು ಬುಖಾರಿಯಲ್ಲಿ ಕಾಣಬಹುದು. (ಸಫರ್ ಎಂದರೆ ಆ ತಿಂಗಳ ಅಪಶಕುನವೆಂದು ಕೆಲವು ವಿದ್ವಾಂಸರು ವಿವರಿಸಿದ್ದಾರೆ. ಆ ತಿಂಗಳ ಮೊದಲ 13 ದಿನಗಳನ್ನು 'ತೇರಾ ತೇಜಿ' ಎಂದು ಕರೆದು ಮದುವೆಯ ಮಾತನ್ನೇ ಎತ್ತದ ನಮ್ಮವರು ಈ ಹದೀಸನ್ನು ಓದಬೇಕು.) ಕಾಲವನ್ನು ಶಪಿಸುವುದನ್ನೂ ಅವರು ತಡೆದರು. ರಾತ್ರಿ ಹಗಲುಗಳನ್ನು ತಿರುಗಿಸುವವನು ಅಲ್ಲಾಹನೇ ಎಂದ ಮೇಲೆ ಕಾಲವನ್ನು ಬೈದರೆ ಆ ಬೈಗುಳ ಯಾರಿಗೆ ತಗಲುತ್ತದೆ?

ಆದರೆ ಬಾಯಿಮಾತಿನಿಂದ ಹಕ್ಕಿ ಹಾರಿಹೋಗದು. ಹಿಜರಿ 10ರಲ್ಲಿ, ಅಂದರೆ ಕ್ರಿ.ಶ. 632ರಲ್ಲಿ, ವಿದಾಯ ಹಜ್ಜ್‌ನ ಪ್ರವಚನದಲ್ಲಿ ಅಜ್ಞಾನ ಕಾಲದ ಎಲ್ಲ ರಕ್ತದ ಸೇಡುಗಳೂ ತಮ್ಮ ಕಾಲ ಕೆಳಗಿವೆ ಎಂದು ಪ್ರವಾದಿವರ್ಯರು(ಸ) ಘೋಷಿಸಿದರು. ಮೊದಲು ರದ್ದುಪಡಿಸಿದ್ದು ಯಾರ ಸೇಡನ್ನು? ಸ್ವಂತ ಮನೆತನದ್ದನ್ನು. ಅವರ ದೊಡ್ಡಪ್ಪ ಹಾರಿಸರ ಮಗ ರಬೀಆರಿಗೆ ಒಂದು ಗಂಡುಮಗುವಿತ್ತು. ಬನೂ ಸಅದ್ ಗೋತ್ರದಲ್ಲಿ ಹಾಲುಣ್ಣುತ್ತಿದ್ದಾಗ ಅದನ್ನು ಹುದೈಲ್ ಗೋತ್ರದವರು ಕೊಂದಿದ್ದರು (ಮುಸ್ಲಿಮ್). ಮೊಲೆಹಾಲಿನ ಕೂಸಿನ ರಕ್ತ! ಸೇಡಿಗೆ ಇದಕ್ಕಿಂತ ನ್ಯಾಯವಾದ ಕಾರಣ ಬೇಕೇ? ಅದನ್ನೇ ಬಿಟ್ಟುಕೊಟ್ಟ ಬಳಿಕ, ನನ್ನದು ಬೇರೆ ವಿಷಯ ಎಂದು ಹೇಳಲು ಉಳಿದವರಿಗೆ ಬಾಯಿ ಇರಲಿಲ್ಲ.

ಕವಿಗಳು ಮಾತ್ರ ಆ ಹಕ್ಕಿಯನ್ನು ಅಷ್ಟು ಸುಲಭವಾಗಿ ಬಿಡಲಿಲ್ಲ. ಉಮಯ್ಯಾ ಕಾಲದ ತೌಬ ಎಂಬವನು, ತಾನು ಮಣ್ಣಾದ ಮೇಲೂ ಲೈಲಾ ಅಖ್‌ಯಲಿಯ್ಯ ಸಲಾಮ್ ಹೇಳಿದರೆ ಗೋರಿಯಿಂದ ಉತ್ತರ ಬರುವುದೆಂದು ಹಾಡಿದ್ದನು. ಆಕೆ ಮುಂದೊಮ್ಮೆ ಅಲ್ಲಿ ನಿಂತು ಸಲಾಮ್ ಹೇಳಿದಾಗ ಗೂಬೆಯೊಂದು ಹಾರಿತು, ಒಂಟೆ ಬೆದರಿತು, ಆಕೆ ಬಿದ್ದು ಸತ್ತಳು ಎಂದು ಕಥೆಯಿದೆ. ಕಥೆಯನ್ನು ಹೇಳಿದವರೇ ಗೂಬೆಯು ಗೋರಿಯ ಮಗ್ಗುಲಲ್ಲಿ ಅಡಗಿ ಕುಳಿತಿತ್ತೆಂದೂ ತಿಳಿಸಿದ್ದಾರೆ. ಒಂಟೆ ಬೆದರಲು ಅಷ್ಟು ಸಾಕು.

ಹಾಗಾದರೆ ಮೃತರಿಗೂ ಕಾಲಕ್ಕೂ ಸಂಬಂಧವೇನು? ನೂರು ವರ್ಷ ಸತ್ತಿದ್ದು ಎಬ್ಬಿಸಲ್ಪಟ್ಟವನ ವೃತ್ತಾಂತವನ್ನು ಅಲ್‌ಬಕರ 259ರಲ್ಲಿ ಓದಿ. ಎಷ್ಟು ಕಾಲ ಇದ್ದೆ ಎಂದು ಕೇಳಿದಾಗ ಅವನು ಒಂದು ದಿನ ಅಥವಾ ದಿನದ ಸ್ವಲ್ಪ ಭಾಗ ಎಂದನು. ಅವನ ಕತ್ತೆಯ ಎಲುಬುಗಳು ಮುಂದಿದ್ದವು, ಆಹಾರ ಮಾತ್ರ ಕೆಟ್ಟಿರಲಿಲ್ಲ. ನೂರು ವರ್ಷವನ್ನೇ ಅರಿಯದವನು ನಮ್ಮ ಜಗಳದ ವರ್ಷಗಳನ್ನು ಎಣಿಸುತ್ತಾ ಕುಳಿತಿರುವನೇ?

ನಮ್ಮ ಮನೆಗಳಲ್ಲೂ ಈ ಹಕ್ಕಿ ಬೇರೆ ರೂಪದಲ್ಲಿ ಕೂಗುತ್ತದೆ. 'ಅಪ್ಪ ಆ ಮನೆಯ ಹೊಸ್ತಿಲು ತುಳಿಯದೆ ಸತ್ತರು. ನಾನು ತುಳಿದರೆ ಅವರ ಆತ್ಮಕ್ಕೆ ನೋವಾಗುತ್ತದೆ' ಎನ್ನುವ ಮಗನನ್ನು ನೀವು ಕಂಡಿರಬಹುದು. ಅಪ್ಪನ ಹೆಸರಿನಲ್ಲಿ ಕೂಗುತ್ತಿರುವುದು ಅವನ ಸ್ವಂತ ಹಟ. ತಂದೆಗಾಗಿ ಮಾಡಬೇಕಾದ ದುಆವನ್ನು ಅವನು ಎಷ್ಟು ದಿನ ಮಾಡಿದ್ದಾನೆಂದು ಕೇಳಿ ನೋಡಿ.

ಮೃತನಿಗಾಗಿ ನಿಜವಾಗಿ ತೀರಿಸಬೇಕಾದ ಬಾಕಿಯೊಂದಿದೆ, ಸಾಲ. ಒಬ್ಬರ ಜನಾಝ ಬಂದಾಗ ಎರಡು ದೀನಾರ್ ಸಾಲವಿದೆಯೆಂದು ತಿಳಿದು ಪ್ರವಾದಿವರ್ಯರು(ಸ) ನಮಾಝ್ ಮಾಡಿಸದೆ ಹಿಂದೆ ಸರಿದರು. ಅಬೂ ಕತಾದ(ರ) ಅದನ್ನು ವಹಿಸಿಕೊಂಡ ಮೇಲೆಯೇ ನಮಾಝ್ ಮಾಡಿಸಿದರು. ಒಂದು ದಿನ ಕಳೆದು ಆ ಎರಡು ದೀನಾರ್ ಏನಾಯಿತೆಂದು ವಿಚಾರಿಸಿದರು. ನಿನ್ನೆಯಷ್ಟೇ ತೀರಿಕೊಂಡರಲ್ಲ ಎಂದು ಅಬೂ ಕತಾದ(ರ) ಉತ್ತರಿಸಿದರು. ಮರುದಿನ ಪುನಃ ವಿಚಾರಿಸಿದಾಗ ತೀರಿಸಿಬಿಟ್ಟೆನೆಂದರು. ಈಗ ಅವನ ಚರ್ಮ ತಂಪಾಯಿತು ಎಂದು ಪ್ರವಾದಿವರ್ಯರು(ಸ) ಹೇಳಿದರೆಂದು ಜಾಬಿರ್(ರ) ವರದಿ ಮಾಡಿದ್ದಾರೆ (ಅಹ್ಮದ್).