ಹೆಸರು ಹೇಳದ ಜ್ವರ

2020ರ ಮಾರ್ಚ್ 22ರ ಸಂಜೆ ಐದಕ್ಕೆ ಮಕ್ತಲ್‌ನ ನಮ್ಮ ಓಣಿಯಲ್ಲಿ ತಾಟು, ಜಾಗಟೆ ಮೊಳಗಿದವು. ಡಾಕ್ಟರು, ನರ್ಸುಗಳಿಗೆ ಕೃತಜ್ಞತೆ ಹೇಳಲೆಂದು ಕರೆ ಬಂದಿತ್ತು. ಪಕ್ಕದ ಮನೆಯ ಅಜ್ಜಿ ಮಾತ್ರ, "ಜೋರಾಗಿ ಬಡೀರಿ, ಬ್ಯಾನಿ ಊರು ಬಿಟ್ಟು ಹೋಗ್ಲಿ" ಎನ್ನುತ್ತಿದ್ದರು. ನನಗೆ ಅನಂತಮೂರ್ತಿಯವರ 'ಸಂಸ್ಕಾರ' ನೆನಪಾಯಿತು. ದೂರ್ವಾಸಪುರದ ಮನೆಗಳ ಮೇಲೆ ಹದ್ದುಗಳು ಬಂದು ಕೂತಾಗ ಅಗ್ರಹಾರದವರೂ ಜಾಗಟೆ ಬಡಿದು, ಶಂಖ ಊದಿ ಅವನ್ನು ಓಡಿಸುತ್ತಾರೆ.

1965ರಲ್ಲಿ ಬಂದ ಆ ಕಾದಂಬರಿಯನ್ನು ಮೂರು ಸಲ ಓದಿದ್ದೆ. ಸಂಸ್ಕಾರವಿಲ್ಲದೆ ಬಿದ್ದ ನಾರಣಪ್ಪನ ಹೆಣ, ಅದಕ್ಕೆ ದಾರಿ ಹುಡುಕುವ ಪ್ರಾಣೇಶಾಚಾರ್ಯರ ತಳಮಳ, ನಾರಣಪ್ಪನ ಜೊತೆಗಿದ್ದ ಚಂದ್ರಿ. ನನ್ನ ಲಕ್ಷ್ಯವೆಲ್ಲ ಅಲ್ಲೇ. ಪಾರಿಜಾತಪುರದ ಮಂಜಯ್ಯ ಕಣ್ಣಿಗೇ ಬಿದ್ದಿರಲಿಲ್ಲ. ಶಿವಮೊಗ್ಗೆಗೆ ಪ್ಲೇಗು ಬಂದದ್ದನ್ನು ಪತ್ರಿಕೆಯಲ್ಲಿ ಓದಿದ್ದವನು ಅವನು. ರೋಗದ ಹೆಸರು ಹೊಳೆಯುವುದು ಅವನಿಗೇ. ಅಗ್ರಹಾರದವರು ಹೆಣ ಎತ್ತುವವರು ಯಾರೆಂದು ಕೇಳಿಕೊಂಡು ಊರೂರು ಅಲೆಯುತ್ತಾರೆ. ಅವರಲ್ಲೊಬ್ಬ ದಾಸಾಚಾರ್ಯ ಜ್ವರದಿಂದ ಮಲಗಿದವನು ಮತ್ತೆ ಏಳುವುದಿಲ್ಲ.

2021ರ ಮೇನಲ್ಲಿ ನಾರಾಯಣಪೇಟೆಯ ನಮ್ಮ ಕಾಕಾನಿಗೆ ಜ್ವರ ಬಂತು. ನೇಕಾರರು. ಮಗ್ಗದಲ್ಲಿ ಸೀರೆ ಅರ್ಧಕ್ಕೆ ನಿಂತಿತ್ತು. ಮಾತಾಡಿಸಲು ಹೋದಾಗ ಕಾಕಾ ಗೋಡೆಗೆ ಒರಗಿ ಕೂತು ಚಹಾ ಗುಟುಕರಿಸಿದರು. "ಸಕ್ರಿ ಹಾಕಿಲ್ಲೇನು?" ಎಂದರು. ಕಾಕು ಎರಡು ಚಮಚ ಹಾಕಿದ್ದನ್ನು ನಾನೇ ನೋಡಿದ್ದೆ. ಆಗಲೇ ತಿಳಿಯಿತು. ಆದರೂ ನಾವೆಲ್ಲ ಟೈಫಾಯ್ಡ್ ಎಂದೆವು. ಕೊರೊನಾ ಎಂದರೆ ನೂಲು ಕೊಡುವ ಸಾವುಕಾರ ಹೊಸ್ತಿಲು ತುಳಿಯುವುದಿಲ್ಲ, ಓಣಿಯವರು ಮುಖ ತಿರುಗಿಸುತ್ತಾರೆ ಎಂಬ ಭಯ. ಆಗ ತೆಲಂಗಾಣದಲ್ಲಿ ಮನೆಮನೆ ಜ್ವರದ ಸರ್ವೆ ನಡೆದಿತ್ತು. ಆಶಾ ಕಾರ್ಯಕರ್ತೆ ಬಾಗಿಲಲ್ಲಿ ನಿಂತು, ಯಾರಿಗಾದರೂ ಜ್ವರ ಉಂಟೇ ಎಂದು ಕೇಳಿದಳು. ಒಳಗೆ ಕಾಕಾ ಕೆಮ್ಮು ತಡೆದುಕೊಂಡರು. "ಯಾರಿಗೂ ಇಲ್ಲಮ್ಮ" ಎಂದವನು ನಾನು. ನಮ್ಮ ಮಂಜಯ್ಯನನ್ನು ನಾನೇ ಹೊಸ್ತಿಲಿಂದ ಹಿಂದಕ್ಕೆ ಕಳಿಸಿದ್ದೆ.

ಗದ್ವಾಲ್‌ನಲ್ಲಿದ್ದ ಕಾಕಾನ ಮಗಳಿಗೆ ಫೋನು ಮಾಡಿ, "ಬರೀ ಟೈಫಾಯ್ಡ್ ತಂಗಿ, ನೋಡಿ ಹೋಗು" ಎಂದವನೂ ನಾನೇ. ಎರಡು ದಿನ ಅಪ್ಪನ ಕಾಲೊತ್ತಿ ಹೋದಳು. ಅಲ್ಲಿ ಅವಳ ಅತ್ತೆ ಮಲಗಿದರು. ಅವರು ಹೇಗೋ ಉಳಿದುಕೊಂಡರು. ಕಾಕಾ ಉಳಿಯಲಿಲ್ಲ.

ಕಾಕಾ ಹೋದ ಮೂರನೇ ದಿನ ಅದೇ ಆಶಾ ಕಾರ್ಯಕರ್ತೆ ಅದೇ ಚೀಲ ಹೆಗಲಿಗೇರಿಸಿಕೊಂಡು ಬಂದಳು. ಹಿಂದಿನ ಮಾತು ಎತ್ತಲಿಲ್ಲ. "ಯಾರ್ಯಾರು ಬಂದು ಹೋಗ್ಯಾರ, ಹೆಸರು ಹೇಳ್ರಿ ಸರ" ಎಂದು ಪೆನ್ನು ತೆಗೆದಳು. ಗದ್ವಾಲ್‌ನ ಮನೆಯಿಂದ ಶುರುಮಾಡಿ ಒಬ್ಬೊಬ್ಬರ ಹೆಸರನ್ನೂ ಬರೆಸಿದೆ.